ತಟ್ಟೆ ಹಿಡಿದವನ ಮುಖ

ನಿನ್ನೆ ನಮ್ಮ ಮದುವೆಯ ವಿಡಿಯೋ ಬಂತು, ಟಿವಿಗೆ ಹಾಕಿ ನೋಡಿದೆವು, ಎಷ್ಟು ಚೆಂದ! ಆದರೆ ಆರತಿ ತಟ್ಟೆ ಹಿಡಿದ ಸೋದರತ್ತೆಯ ಕೈ ಮಾತ್ರ ಇದೆ, ಮುಖವೇ ಇಲ್ಲ.

ತಳಕಲ್ಲು ಊರಿನ ನನ್ನ ಮುತ್ತಜ್ಜಿ ನೆನಪಾದಳು. ಟಿವಿಯಲ್ಲಿ ಯಾರಾದರೂ ತಟ್ಟೆ ಹಿಡಿದು ಹಿಂದೆ ನಿಂತರೆ ಸಾಕು, ಬೈಯುತ್ತಿದ್ದಳು: "ಅವನ ಮುಖಾ ತೋರಸ್ರೋ, ಭಾಡ್ಯಾಗೋಳ!"

ಅವಳ ಅಣ್ಣ ನಾಟಕ ಕಂಪನಿಯ ಹಾಡುಗಾರ. ನಿಜಾಮನ ಕಾಲದಲ್ಲೇ ಲಂಡನ್ನಿಗೆ ಹೋಗಿ, ಆಗಷ್ಟೇ ಶುರುವಾಗಿದ್ದ ಟಿವಿಯ ನಾಟಕಗಳಲ್ಲಿ ಪೇಟ ಸುತ್ತಿದ ಆಳಾಗಿ, ತಟ್ಟೆ ಹಿಡಿದು ಹಿಂದೆ ನಿಂತನಂತೆ.

"ಬಾಯಿ ತೆರೀಬ್ಯಾಡ ಅಂದ್ರಂತ ನೋಡವ್ವ! ಗಂಗಾವತ್ಯಾಗ ಮಂದಿ ಅವಗ ಒನ್ಸ್ ಮೋರ್ ಅಂತ ಕೂಗತಿದ್ರು!"

"ಆ ನಾಟಕ ಈಗ ತೋರಸ್ತಾರೇನಜ್ಜಿ?"

"ಆವತ್ತ ತೋರಿಸಿ ಮುಗಿಸಿದ್ರಂತ, ಒಂದೂ ಉಳಿಸಿಲ್ಲ. ಅಂವಾ ಅಲ್ಲೇ ಸತ್ತ. ಮುಖಾನ ಮರತೈತಿ ನನಗ."

ನಿನ್ನೆ ನಾನೂ ಟಿವಿಗೆ ಹಾಗೆಯೇ ಬೈದೆ. ನಮ್ಮವರು ಬೆಚ್ಚಿ ರಿಮೋಟ್ ಬಿಟ್ಟರು. ಮದುವೆಗೆ ಬಂದವರೇ, ನಿಮ್ಮ ಫೋನುಗಳಲ್ಲಿ ಹುಡುಕಿ. ಸೋದರತ್ತೆಯ ಮುಖ ನನಗೆ ಬೇಕೇ ಬೇಕು!