ಲೈಟ್ ತಗೋರಿ ಎನ್ನುತ್ತಿದ್ದ ಮೆಕ್ಯಾನಿಕ್

ನಮ್ಮ ರೋಜಾ ಬಡಾವಣೆಯ ಸ್ಕೂಟರ್ ಮೆಕ್ಯಾನಿಕ್ ಸದಾ ತುಟಿಗಳ ನಡುವೆ ಒಂದು ಸ್ಕ್ರೂ ಕಚ್ಚಿಕೊಂಡೇ ಮಾತಾಡುತ್ತಿದ್ದ. ಕಮಲಾಪುರದ ಶಾಲೆಗೆ ಪಾಠ ಹೇಳಲು ಹೋಗುತ್ತಿದ್ದ ನಾನು ಪ್ರತಿ ಸೋಮವಾರ ಬೆಳಿಗ್ಗೆ ಏಳಕ್ಕೆ ಅವನ ಮುಂದೆ ನಿಂತು, ಸ್ಕೂಟರಿನ ದೂರುಗಳನ್ನು ಚೀಟಿ ನೋಡಿ ಓದುತ್ತಿದ್ದೆ. ಕನ್ನಡಿ ಅಲುಗಿದರೂ ಸೀಟು ಹರಿದರೂ ಅವನದು ಒಂದೇ ಮಾತು: "ಲೈಟ್ ತಗೋರಿ ಸರ್." ತಲೆಗೆ ಹಚ್ಚಿಕೊಳ್ಳಬೇಡಿ ಎಂದರ್ಥ. ನಾನು ಮಕ್ಕಳಿಗೆ ಬೆಳಕು, ಹಗುರ ಎಂದು ಕಲಿಸುವ ಪದ ಇವನ ಬಾಯಲ್ಲಿ ಸಮಾಧಾನ ಹೇಗಾಯಿತೆಂದು ದಾರಿಯುದ್ದಕ್ಕೂ ಯೋಚಿಸುತ್ತಿದ್ದೆ.

ಒಂದು ಸೋಮವಾರ ಗಾಡಿಯ ಮೇಲೆ ಕೂತೇ ಬ್ರೇಕ್ ತುಸು ಸಡಿಲ ಎಂದೆ. ಅವನು ಬಗ್ಗಿ ನೋಡಿದ. ಬಾಯಿಂದ ಸ್ಕ್ರೂ ತೆಗೆದು ಜೇಬಿಗೆ ಹಾಕಿಕೊಂಡ. ಗಾಡಿಯ ಕೀಲಿಯನ್ನೂ ಕಿತ್ತುಕೊಂಡ.

"ಇಳೀರಿ ಸರ್. ವಯರ್ ಒಂದ ಎಳಿ ಮ್ಯಾಲ ನಿಂತದ."

"ನನಗ ಹೊತ್ತಾಗ್ತದಪ್ಪ. ಲೈಟ್ ತಗೋರಿ ಅಂತ ನೀನ ಅಂತಿದ್ದೆಲ್ಲ?"

"ಅದು ಸೀಟಿಗಿ ಅಂದಿದ್ದು ಸರ್, ಜೀವಕ್ಕ ಅಲ್ಲ."

ಹೊಸ ವಯರ್ ಹಾಕಲು ಅರ್ಧ ತಾಸು ಹಿಡಿಯಿತು. ಒಂದು ದಿನವೂ ತಡವಾಗಿ ಹೋದವನಲ್ಲ ನಾನು. ಎರಡೆರಡು ಸಲ ಗಡಿಯಾರ ನೋಡಿ, "ಹೆಡ್‌ಮಾಸ್ಟರ್ ಬೈತಾರಲ್ಲೋ!" ಎಂದೆ.

ಅವನು ಕೀಲಿ ಕೊಟ್ಟ. ಜೇಬಿನಿಂದ ಸ್ಕ್ರೂ ತೆಗೆದು ಮತ್ತೆ ತುಟಿಗಿಟ್ಟುಕೊಂಡ.

"ಅದನ್ನ ಲೈಟ್ ತಗೋರಿ ಸರ್."