ಮಾವನ ಮುಂದಿನ ಕುರ್ಚಿ

ಮೂಡಲಗಿ ಕಡೆಯ ಹಳ್ಳಿಯೊಂದರ ಗ್ರಾಮಸಭೆಗೆ ವರದಿಗೆಂದು ಹೋಗಿದ್ದೆ. ಪಂಚಾಯಿತಿಯ ಹೊಸ ಅಧ್ಯಕ್ಷೆ ತಲೆ ಮೇಲೆ ಸೆರಗು ಹೊದ್ದು ಕುರ್ಚಿಯ ಪಕ್ಕ ನಿಂತೇ ಇದ್ದರು. "ಕುಂಡರ್ರೀ ಅಕ್ಕಾರ, ಕುರ್ಚ್ಯಾಗ ಮುಳ್ಳ ಅದಾವೇನ?" ಎಂದು ಯಾರೋ ಕೆಣಕಿದರು.

"ಮಾವಾರು ಮುಂದ ಕುಂತಾರ್ರಿ. ನಿಂತ ಓದತೇನಿ" ಎಂದವರು ಹೊಲದ ದಾರಿ ಒತ್ತುವರಿ ಮಾಡಿದವರ ಪಟ್ಟಿ ತೆರೆದರು. ಮೊದಲು ಓದಿದ್ದೇ ಮಾವನ ಹೆಸರು. "ಎಂಟ ದಿನದಾಗ ಬೇಲಿ ತೆಗೀಬೇಕ್ರಿ." ಧ್ವನಿ ಗಟ್ಟಿಯಾಗಿತ್ತು.

ಮಾವ ಎದ್ದು, ಹೆಗಲ ಮೇಲಿನ ಟವೆಲ್ ಕೊಡವಿ ಹೊರಟರು. ಬಾಗಿಲಲ್ಲಿ ತಿರುಗಿ, "ನಾ ಹೊಂಟೆ. ಇನ್ನ ಕುಂಡ್ರವಾ" ಎಂದರು. ಸಿಟ್ಟಿನಿಂದಲೋ ಒಪ್ಪಿಯೋ, ತಿಳಿಯಲಿಲ್ಲ. ಅವರು ಮರೆಯಾದ ಮೇಲೆ ಸೊಸೆ ಕುಳಿತು ಠರಾವಿಗೆ ಸಹಿ ಮಾಡಿದರು.

ಪತ್ರಿಕೆಗೆ ನಾನು ಕಳಿಸಿದ್ದು ಠರಾವಿನ ಸುದ್ದಿ ಮಾತ್ರ. ಗೋಕಾಕದ ಬಸ್ಸು ಹತ್ತಿದ ಮೇಲೂ ಮನಸ್ಸು ನಿಲ್ಲಲಿಲ್ಲ: ಸಂಜೆ ಆಕೆ ಅದೇ ಮಾವನ ಮನೆಗೆ ಹೋಗಬೇಕಿತ್ತು.