ಮೊದಲ ಬಟ್ಟಲು ಖಾರ

ಗುರುಸಂಗಪ್ಪನಿಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಚಹಾ ಅರ್ಧಕ್ಕೇ ಬಿಟ್ಟು ಎದ್ದು ಹೋಗಿ, ತನ್ನ ಗಿರಣಿಯ ಬಾಗಿಲಿಗೆ ಪುರಸಭೆಯವರು ಜಡಿದ ಬೀಗ ಎಳೆದು ನೋಡಿ ಬರುತ್ತಿದ್ದ. ಎಳೆದರೆ ಬಿಚ್ಚುತ್ತದೆಯೇ ಎಂದು ಹೆಂಡತಿ ಗೌರವ್ವ ಕೇಳಿ ಕೇಳಿ ಸೋತಿದ್ದಳು. ಊರಿನ ಹೆಸರು ಬೇಡ, ನಾಳೆ ನನಗೇ ನೋಟೀಸು ಬಂದೀತು; ಗಜೇಂದ್ರಗಡದ ಆಸುಪಾಸು ಎಲ್ಲೋ ಎಂದುಕೊಳ್ಳಿ.

ಅದು ಅವನಪ್ಪನ ಕಾಲದ ಖಾರ ಕುಟ್ಟುವ ಗಿರಣಿ. ಮೆಣಸಿನಕಾಯಿ ಸುಗ್ಗಿಯಲ್ಲಿ ರಾಜೂರ, ಪುರ್ತಗೇರಿಯ ಹೆಂಗಸರು ಚೀಲ ಇಳಿಸಿಕೊಂಡು ಸರದಿ ಕಾಯುತ್ತಿದ್ದರು. ಕುಟ್ಟಿದ ಮೊದಲ ಖಾರ ಒಂದು ಬಟ್ಟಲು ಗೋಡೆಯಾಚೆಯ ಗಂಗಾಬಾಯಿಯವರ ಮನೆಗೆ. ಮಾರನೆಯ ದಿನ ಬಟ್ಟಲಲ್ಲಿ ಸಕ್ಕರೆ ಬರುತ್ತಿತ್ತು. ಬರಿ ಬಟ್ಟಲು ಯಾರು ತಿರುಗಿ ಕಳಿಸುತ್ತಾರೆ? ಆ ಸಕ್ಕರೆ ನೋಡಿ, ನೆರೆಮನೆಗೆ ತನ್ನಿಂದ ಏನೂ ತೊಂದರೆಯಿಲ್ಲ ಎಂದು ಗುರುಸಂಗಪ್ಪ ನಿಶ್ಚಿಂತನಾಗಿದ್ದ.

ಘಾಟಿನ ಬಗ್ಗೆ ಯಾರೋ ದೂರು ಕೊಟ್ಟರು. ಪುರಸಭೆ ಇವನನ್ನು ಒಂದು ಮಾತೂ ಕೇಳದೆ ಲೈಸೆನ್ಸ್ ರದ್ದು ಮಾಡಿ ಬೀಗ ಹಾಕಿತು. ದೂರು ಬಸ್‌ಸ್ಟ್ಯಾಂಡಿನ ಗಿರಣಿಯ ಸಿದ್ದಲಿಂಗನದೇ ಎಂದು ಇವನು ಖಾತ್ರಿ ಮಾಡಿಕೊಂಡು, ಅವನು ಎದುರಾದರೆ ಉಗುಳಿ ನಡೆಯತೊಡಗಿದ. ಧಾರವಾಡದ ಹೈಕೋರ್ಟಿಗೂ ಹೋದ. ಆದೇಶ ಬಂದ ದಿನ ಓಣಿಗೆಲ್ಲ ಪೇಢೆ ಹಂಚಿದ. ಆಮೇಲೆ ವಕೀಲರು ಬಿಡಿಸಿ ಹೇಳಿದರು: ಕೋರ್ಟು ಲೈಸೆನ್ಸ್ ಕೊಡಿ ಎಂದಿಲ್ಲ, ಕೇಳದೆ ಮಾಡಿದ್ದು ತಪ್ಪು, ಎರಡೂ ಕಡೆಯವರನ್ನು ಕೂರಿಸಿ ಕೇಳಿ ಹೊಸದಾಗಿ ತೀರ್ಮಾನಿಸಿ, ಅಲ್ಲಿಯವರೆಗೆ ಬೀಗ ಇರಲಿ ಎಂದಿದೆ. ಪೇಢೆ ತಿಂದವರು ನಕ್ಕರು.

ವಿಚಾರಣೆಯ ದಿನ ಇಸ್ತ್ರಿ ಅಂಗಿ ತೊಟ್ಟು ಪುರಸಭೆಗೆ ಹೋದ. ಹೇಳಬೇಕಾದ್ದನ್ನು ಮನೆಯಲ್ಲಿ ಎಷ್ಟು ಸಲ ಒದರಿದ್ದನೆಂದರೆ ಗೌರವ್ವನಿಗೂ ಬಾಯಿಪಾಠವಾಗಿತ್ತು. ಮುಖ್ಯಾಧಿಕಾರಿಯ ಎದುರು ಸಿದ್ದಲಿಂಗ ಇರಲಿಲ್ಲ. ಗಂಗಾಬಾಯಿ ಕೂತಿದ್ದರು, ಸೆರಗು ಬಾಯಿಗೆ ಒತ್ತಿಕೊಂಡು.

ಇವನು ಬಾಗಿಲಲ್ಲೇ ನಿಂತ. "ನೀವೇನ್ರಿ, ಬಾಯಾರ?"

"ನಾನಽ. ಸುಗ್ಗಿ ಬಂತಂದ್ರ ಕಿಡಕಿ ತೆಗಿಯೂ ಹಂಗಿಲ್ಲ. ಮೂಗಿಗೆ ಹಸಿ ಅರಿವಿ ಕಟಗೊಂಡು ಅಡಗಿ ಮಾಡ್ತೀನಿ. ದಮ್ಮ ಹತ್ತಿ ದವಾಖಾನಿನೂ ಆತು."

"ಒಂದ ದಿನಾನರ ನನಗ ಹೇಳಿದ್ರೇನ್ರಿ?"

"ಹ್ಯಾಂಗ ಹೇಳ್ಲಿ? ಬಟ್ಟಲಾ ತುಂಬಿ ಖಾರಾ ಕಳಸ್ತಿದ್ರಿ. ಅದನ್ನ ಇಸಗೊಂಡು ಗಿರಣಿ ಬಂದ್ ಮಾಡ್ರಿ ಅನಲ್ಯಾ? ಅದಕ್ಕಽ ಇಲ್ಲಿ ಅರ್ಜಿ ಕೊಟ್ಟೆ. ನಿಮ್ಮನ್ನ ಕರದು ಮಾತಾಡ್ತಾರಂತ ತಿಳದಿದ್ದೆ. ಬೀಗಾ ಹಾಕ್ತಾರಂತ ಗೊತ್ತಿರಲಿಲ್ಲ."

ಮುಖ್ಯಾಧಿಕಾರಿ ಗಡಿಯಾರ ನೋಡಿದರು. "ನಿಮ್ಮ ಮಾತ ಹೇಳ್ರಿ, ಗುರುಸಂಗಪ್ಪ. ಕೇಳ್ರಿ ಅಂತ ಕೋರ್ಟ್ ಹೇಳೇತಿ."

ಬಾಯಿಪಾಠವೆಲ್ಲ ಹಾರಿಹೋಗಿತ್ತು. ನಾಚಿಕೆಯಾಯಿತು, ಸಿಟ್ಟೂ ಬಂತು. ಯಾರ ಮೇಲೆಂದು ತಿಳಿಯಲಿಲ್ಲ. ಗಿರಣಿ ಹೋದರೆ ಉಣ್ಣುವುದೇನು?

"ಮಷಿನ್ ಸಂತಿ ಬಯಲ ಕಡೆ ಒಯ್ತೀನ್ರಿ," ಎಂದ ಕೊನೆಗೆ. "ಲೈಸೆನ್ಸ್ ಅಲ್ಲಿಗೆ ಕೊಡ್ರಿ. ಇದು ಅಪ್ಪನ ಜಾಗಾ, ಆದ್ರೂ..."

ಹೇಳಿಕೆ ಬರೆದುಕೊಂಡು, ಆದೇಶ ಆಮೇಲೆ ಕಳಿಸುತ್ತೇವೆ ಎಂದರು. ಕಳಿಸಲಿಲ್ಲ. ಸುಗ್ಗಿ ಬಂತು. ಮನೆಯ ಮೆಣಸಿನಕಾಯಿ ಹೊತ್ತು ಗುರುಸಂಗಪ್ಪ ಸಿದ್ದಲಿಂಗನ ಗಿರಣಿಗೇ ಹೋಗಬೇಕಾಯಿತು. ಸಿದ್ದಲಿಂಗ ಎಲ್ಲರಿಗೂ ಕೊಡುವಂತೆ ತೂಗಿ ಕುಟ್ಟಿಕೊಟ್ಟ. ಉಗುಳಿದವನಿಗೆ ಅದೇ ಹೆಚ್ಚು ಚುಚ್ಚಿತು. ಅದರಲ್ಲೇ ಒಂದು ಬಟ್ಟಲು ತುಂಬಿ, ಈ ಸಲ ತಾನೇ ಗಂಗಾಬಾಯಿಯವರ ಬಾಗಿಲಿಗೆ ಒಯ್ದ.

ಅವರು ಒಂದು ಚಿಟಿಕೆ ಬೆರಳಲ್ಲಿ ತಿಕ್ಕಿ ನೋಡಿದರು. "ನಿಲ್ರಿ, ಗುರುಸಂಗಪ್ಪ. ಇಸಗೊಂಡ ಮ್ಯಾಲೂ ಹೇಳ್ತೀನಿ. ಇದು ತರಿತರಿ ಆಗೇದ. ನಿಮ್ಮ ಕೈಯಾಗಿನ ಖಾರಾ ಹಿಂಗ ಇರತಿರಲಿಲ್ಲ."

"ಹೌದ್ರಿ," ಎಂದ. ಮೆಟ್ಟಿಲಿಳಿದು ಗಿರಣಿಯ ಬೀಗ ಹಿಡಿದುಕೊಂಡು ಅತ್ತುಬಿಟ್ಟ.